ನಿರ್ದೇಶಕರಿಗೆ ‘ಚೆರ್ನೋಬಿಲ್’ ಸಂಗೀತ ಬೇಕು, ನನ್ನಲ್ಲಿರುವುದು ರೇಷ್ಮೆ ಬಿಚ್ಚುವ ಮನೆಯ ಸದ್ದು

ನೂಲೆಳೆ (ರಾಮನಗರ)

ಎಲ್ಲರಿಗೂ ನಮಸ್ಕಾರ. ಎರಡು ವರ್ಷಗಳಿಂದ ಇಲ್ಲಿ ಬರೀ ಓದುತ್ತಿದ್ದೆ, ಇಂದು ಬರೆಯದೆ ಗತಿಯಿಲ್ಲ. ಹಗಲು ಒಂದು ಕಂಪ್ಯೂಟರ್ ಕೇಂದ್ರದಲ್ಲಿ ಟ್ಯಾಲಿ ಕಲಿಸುತ್ತೇನೆ, ರಾತ್ರಿ ಹಳೆಯ ಲ್ಯಾಪ್‌ಟಾಪ್‌ನಲ್ಲಿ ಎಲೆಕ್ಟ್ರಾನಿಕ್ ಸಂಗೀತ ಕಟ್ಟುತ್ತೇನೆ. ಇದುವರೆಗೆ ಮೂರು ಕಿರುಚಿತ್ರಗಳಿಗೆ ಹಿನ್ನೆಲೆ ಸಂಗೀತ ಮಾಡಿದ್ದೇನೆ. ಒಂದರಲ್ಲಿ ಹಣ ಬಂದಿತು, ಒಂದರಲ್ಲಿ ಊಟ ಸಿಕ್ಕಿತು, ಇನ್ನೊಂದರಲ್ಲಿ ನನ್ನ ಹೆಸರೇ ತಪ್ಪಾಗಿ ಅಚ್ಚಾಯಿತು.

ಈಗ ನಾಲ್ಕನೆಯದು ಕೈಯಲ್ಲಿದೆ. 22 ನಿಮಿಷದ ಚಿತ್ರ. ನಮ್ಮ ಊರಿನಲ್ಲೇ ರೇಷ್ಮೆ ನೂಲು ಬಿಚ್ಚುವ ಘಟಕವೊಂದರಲ್ಲಿ ದುಡಿಯುವ ಹೆಂಗಸಿನ ಒಂದು ದಿನ. ಮಾತು ಬಹಳ ಕಡಿಮೆ. ಕಚ್ಚಾ ಸಂಕಲನ ತೆರೆದು ನೋಡಿದರೆ, ನಿರ್ದೇಶಕರು ಆಗಲೇ ಅಣುಸ್ಥಾವರ ದುರಂತದ ಕುರಿತ ‘ಚೆರ್ನೋಬಿಲ್’ ಟಿವಿ ಸರಣಿಯ ಸಂಗೀತವನ್ನು ತಾತ್ಕಾಲಿಕವಾಗಿ ಉದ್ದಕ್ಕೂ ಹಾಸಿಬಿಟ್ಟಿದ್ದಾರೆ. “ಇದೇ ತೂಕ ಬೇಕು, ಆದರೆ ಇದೇ ಆಗಬಾರದು” ಎನ್ನುತ್ತಾರೆ. ಹತ್ತು ದಿನ ಕುಳಿತು ಏನೇನೋ ಮಾಡಿದೆ. ಉಚಿತವಾಗಿ ಸಿಗುವ, ಸದ್ದನ್ನು ಕೃತಕವಾಗಿ ಹುಟ್ಟಿಸುವ ಸಿಂಥಸೈಜರ್‌ಗಳನ್ನೆಲ್ಲ ಇಳಿಸಿಕೊಂಡು ತಿರುವಿದೆ. ಎಲ್ಲವೂ ಹೊಟ್ಟೆಯುಬ್ಬರದ ಸದ್ದಿನಂತೆ ಕೇಳಿಸುತ್ತಿದೆ. ಉಳಿದಿರುವುದು ಆರು ವಾರ. ದುಬಾರಿ ತಂತ್ರಾಂಶ ಕೊಳ್ಳದೆ ಈ ಬಗೆಯ ಸಂಗೀತ ಸಾಧ್ಯವೇ? ಸಾಲ ಮಾಡಿ ಕೊಳ್ಳಬೇಕೆಂದರೆ ಯಾವುದನ್ನು?

ಹೊರನಾಡಿಗ_ಬರ್ಲಿನ್

ಸಾಲ ಮಾಡಬೇಡಿ. ನಿಮ್ಮ ನಿರ್ದೇಶಕರು ಹಾಸಿರುವ ಸಂಗೀತ ಯಾವ ತಂತ್ರಾಂಶದಿಂದಲೂ ಹುಟ್ಟಿದ್ದಲ್ಲ. ಅದು ಒಂದು ಅಣುಸ್ಥಾವರದಿಂದ ಹುಟ್ಟಿದ್ದು, ಅಕ್ಷರಶಃ.

ಅದನ್ನು ಮಾಡಿದ ಹಿಲ್ದುರ್ ಗ್ವುದ್ನಾದೋತ್ತಿರ್ ಐಸ್‌ಲೆಂಡಿನವರು, 1982ರಲ್ಲಿ ಹುಟ್ಟಿದವರು, ಚೆಲ್ಲೊ ವಾದಕಿ, ಬಹುಕಾಲದಿಂದ ನಾನಿರುವ ಬರ್ಲಿನ್‌ನಲ್ಲೇ ನೆಲೆಸಿದ್ದಾರೆ. ‘ಚೆರ್ನೋಬಿಲ್’ ಚಿತ್ರೀಕರಣಕ್ಕೆ ಬಳಸಿಕೊಂಡ ಜಾಗಗಳಲ್ಲಿ ಲಿಥುವೇನಿಯಾದ ಇಗ್ನಲಿನಾ ಸ್ಥಾವರವೂ ಒಂದು. ಚೆರ್ನೋಬಿಲ್‌ನಲ್ಲಿದ್ದ ಮಾದರಿಯದೇ ರಿಯಾಕ್ಟರ್ ಅಲ್ಲಿತ್ತು. ಒಂದು ಘಟಕ 2004ರ ಕೊನೆಯಲ್ಲಿ, ಇನ್ನೊಂದು 2009ರ ಕೊನೆಯಲ್ಲಿ ಮುಚ್ಚಿದವು. ಹಿಲ್ದುರ್ ರಕ್ಷಣಾ ಉಡುಪು ತೊಟ್ಟು ಅಲ್ಲಿಗೆ ಹೋದರು. ಜೊತೆಯಲ್ಲಿದ್ದವರು ಸಂಗೀತ ನಿರ್ಮಾಪಕ ಸ್ಯಾಮ್ ಸ್ಲೇಟರ್ ಮತ್ತು ಕ್ರಿಸ್ ವಾಟ್ಸನ್. ಈ ವಾಟ್ಸನ್ ಒಂದು ಕಾಲಕ್ಕೆ ಕ್ಯಾಬರೇ ವೋಲ್ಟೇರ್ ಎಂಬ ಸಂಗೀತ ತಂಡದಲ್ಲಿದ್ದು, ಆಮೇಲೆ ಹಕ್ಕಿ, ಹಿಮ, ಕಾಡುಗಳ ಸದ್ದು ಹಿಡಿಯುವುದರಲ್ಲಿ ಹೆಸರು ಮಾಡಿದವರು. ಪಂಪುಗಳ ಕೋಣೆ, ಟರ್ಬೈನ್ ಸಭಾಂಗಣ, ಕಾರಿಡಾರ್, ಬಾಗಿಲು ಎಲ್ಲದರ ಸದ್ದನ್ನೂ ಹಿಡಿದು ತಂದರು. ಧ್ವನಿಮುದ್ರಿಕೆಯ ಎರಡು ತುಣುಕುಗಳ ಹೆಸರೇ ‘ಬಾಗಿಲು’, ‘ಪಂಪ್ ಕೋಣೆ’. ಅದರಲ್ಲಿ ವಾದ್ಯವೆಂಬುದು ಇಲ್ಲ. ಮನುಷ್ಯರ ಕಂಠ ಬಿಟ್ಟರೆ ಉಳಿದುದೆಲ್ಲ ಸ್ಥಾವರದ್ದೇ.

ಆದ್ದರಿಂದ “ಇಂಥದ್ದು ಬೇಕು” ಎಂದು ನಿಮ್ಮ ನಿರ್ದೇಶಕರು ಹೇಳಿದಾಗ ಅವರು ಕೇಳುತ್ತಿರುವುದು ಇಗ್ನಲಿನಾವನ್ನು. ನಿಮ್ಮ ಚಿತ್ರದಲ್ಲಿ ಇಗ್ನಲಿನಾ ಇಲ್ಲ. ಇರುವುದು ನೂಲು ಬಿಚ್ಚುವ ಮನೆ.

ಹಳೇಟಾಕೀಸು

ಕ್ಷಮಿಸಿ, ಒಂದು ಅಪಸ್ವರ. ಪಂಪು ಗುರುಗುಟ್ಟುವುದನ್ನು ಸಂಗೀತ ಎನ್ನುವುದಾದರೆ ನಮ್ಮ ಬೀದಿಯ ಬೋರ್‌ವೆಲ್‌ಗೂ ಪ್ರಶಸ್ತಿ ಕೊಡಬೇಕಾದೀತು. ವಿಜಯಭಾಸ್ಕರ್, ರಾಜನ್-ನಾಗೇಂದ್ರ ಅವರ ಹಿನ್ನೆಲೆ ಸಂಗೀತ ಕೇಳಿ ಬೆಳೆದವನು ನಾನು. ಟಾಕೀಸಿನಿಂದ ಮನೆಗೆ ನಡೆದು ಬರುವಾಗ ಬಾಯಲ್ಲಿ ಒಂದು ಎಳೆಯಾದರೂ ಉಳಿಯಬೇಕು. ಈಗಿನ ಚಿತ್ರಗಳಲ್ಲಿ ಒಂದೇ ಗುಂಯ್‌ಗುಡುವ ಸ್ವರವನ್ನು ಎರಡು ನಿಮಿಷ ಹಿಡಿದು “ವಾತಾವರಣ” ಎನ್ನುತ್ತಾರೆ. ರಾಗ ಕಟ್ಟಲು ಬಾರದವರ ಆಶ್ರಯತಾಣ ಅದು. ಹುಡುಗಿಯನ್ನು ದಾರಿ ತಪ್ಪಿಸಬೇಡಿ.

ಕಪ್ಪುನಾಲ್ಕು (ಧಾರವಾಡ)

ಟಾಕೀಸಿನವರೇ, ಒಂದೇ ಶ್ರುತಿಯನ್ನು ಎರಡು ಗಂಟೆ ಹಿಡಿದು ಕೂರುವ ವಾದ್ಯ ನಮ್ಮಲ್ಲಿಯೂ ಇದೆ. ತಂಬೂರಿ ಎನ್ನುತ್ತಾರೆ. ಅದನ್ನು ಯಾರೂ ಆಶ್ರಯತಾಣ ಎಂದದ್ದನ್ನು ನಾನು ಕೇಳಿಲ್ಲ.

ಇನ್ನು ಕನ್ನಡ ಚಿತ್ರಕ್ಕೆ ಇದು ಹೊರಗಿನ ಸರಕು ಎನ್ನುವ ಮುನ್ನ ‘ಋಷ್ಯಶೃಂಗ’, ‘ಘಟಶ್ರಾದ್ಧ’ ನೆನಪಿಸಿಕೊಳ್ಳಿ. ಎರಡಕ್ಕೂ ಬಿ. ವಿ. ಕಾರಂತರಿಗೆ ಅತ್ಯುತ್ತಮ ಸಂಗೀತ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂದಿತು, 1976 ಮತ್ತು 1977ರ ಸಾಲಿನಲ್ಲಿ, ಬೆನ್ನುಬೆನ್ನಿಗೆ. ರಂಗಭೂಮಿಯಲ್ಲಿ ವಾದ್ಯವಲ್ಲದ ವಸ್ತುಗಳಿಂದಲೂ ನಾದ ತೆಗೆಯುತ್ತಿದ್ದ ಮನುಷ್ಯ ಅವರು. ಅದಕ್ಕೂ ಮುಂಚೆ 1970ರಲ್ಲೇ ‘ಸಂಸ್ಕಾರ’ಕ್ಕೆ ಸಂಗೀತ ಕೊಟ್ಟವರು ಸರೋದ್ ಹಿಡಿದ ರಾಜೀವ ತಾರಾನಾಥರು. ಆ ಚಿತ್ರಗಳನ್ನು ನೋಡಿ ಬಂದವರು ಗುನುಗಿಕೊಂಡು ಮನೆಗೆ ಹೋಗಲಿಲ್ಲ. ಹಾಗೆಂದು ಬರಿಗೈಯಲ್ಲಿ ಹೋದರೆಂದು ಹೇಳಲಾದೀತೇ?

ತಂಗೀ ನೂಲೆಳೆ, ನಿನಗೊಂದು ಗುಟ್ಟು. ನಮ್ಮ ದೇಶದ ವಿದ್ಯುತ್ತು ಸೆಕೆಂಡಿಗೆ 50 ಆವರ್ತದ್ದು. ಟ್ರಾನ್ಸ್‌ಫಾರ್ಮರಿನ ಒಡಲು ಒಂದು ಆವರ್ತಕ್ಕೆ ಎರಡು ಸಲ ಅದುರುವುದರಿಂದ ನಮಗೆ ಕೇಳುವ ಗುಂಯ್ ಸದ್ದು ಮುಖ್ಯವಾಗಿ 100ರದ್ದು. ಹಾರ್ಮೋನಿಯಂ ಮುಂದೆ ಕೂತು ನೋಡಿದರೆ ಅದು ಮಂದ್ರದ ಬಿಳಿ ಐದಕ್ಕೆ, ಅಂದರೆ ಐದನೆಯ ಬಿಳಿ ಮನೆಗೆ, ತಾಗಿಕೊಂಡೇ ಇದೆ, ಅರ್ಧಸ್ವರದ ಮೂರನೆಯ ಒಂದು ಪಾಲಿನಷ್ಟು ಮಾತ್ರ ಏರು. ಅಮೆರಿಕದಲ್ಲಿ 60 ಆವರ್ತ, ಅಲ್ಲಿನ ಗುಂಯ್ ಕಪ್ಪು ಐದಕ್ಕೂ ಬಿಳಿ ಏಳಕ್ಕೂ ನಡುವೆ ಎಲ್ಲೋ ತ್ರಿಶಂಕು. ಆ ಘಟಕದಲ್ಲಿ ಮೋಟಾರುಗಳು ಇದ್ದೇ ಇರುತ್ತವೆ. ಅಂದರೆ ನಿನ್ನ ಚಿತ್ರದ ಶ್ರುತಿ ಆಗಲೇ ಗೋಡೆಯೊಳಗೆ ಹಿಡಿದಿಟ್ಟಂತಿದೆ. ಹೋಗಿ ಕೇಳು. ಆಮೇಲೆ ಲ್ಯಾಪ್‌ಟಾಪ್ ತೆರೆ.

ಮಿಕ್ಸಿಂಗ್‌ಕೋಣೆ (ಬೆಂಗಳೂರು)

ಕವಿತೆ ಚೆನ್ನಾಗಿದೆ. ಈಗ ಕೆಲಸದ ಮಾತು.

ಆ 100ರ ಗುಂಯ್ ಸದ್ದನ್ನೇ ಚಿತ್ರದ ಧ್ವನಿ ವಿನ್ಯಾಸಕರು ಸ್ಥಳದ ಸದ್ದಿನಿಂದ ಗುಡಿಸಿ ಹಾಕುತ್ತಿರುತ್ತಾರೆ. ನೀವು ಅದನ್ನೇ ಸಂಗೀತವೆಂದು ತಂದು ಸುರಿಯುತ್ತೀರಿ. ಕೊನೆಯ ಮಿಕ್ಸಿಂಗ್ ದಿನ ಇಬ್ಬರೂ ನನ್ನ ಮುಂದೆ ಕುಳಿತು ಜಗಳವಾಡುತ್ತೀರಿ. ಇಂಥ ಮೂರು ಜಗಳಗಳನ್ನು ಈ ವರ್ಷವೇ ಬಿಡಿಸಿದ್ದೇನೆ. ಈ ಬಗೆಯ ಸಂಗೀತ ಮಾಡುವವರು ಧ್ವನಿ ವಿನ್ಯಾಸಕರನ್ನು ಮೊದಲ ವಾರವೇ ಭೇಟಿಯಾಗಬೇಕು. ಯಂತ್ರದ ಸದ್ದು ಯಾರ ಪಾಲಿಗೆ, ನೀರಿನ ಸದ್ದು ಯಾರ ಪಾಲಿಗೆ ಎಂದು ಹೊಲದ ಬದು ಹಾಕಿದಂತೆ ಹಂಚಿಕೊಳ್ಳಿ.

ಎರಡನೆಯದು, ಲ್ಯಾಪ್‌ಟಾಪ್ ಸ್ಪೀಕರಿನಲ್ಲಿ 50 ಕೇಳುವುದೇ ಇಲ್ಲ. ನಿಮಗೆ ಕೇಳುವುದಿಲ್ಲವೆಂದು ಏರಿಸುತ್ತಾ ಹೋಗುತ್ತೀರಿ, ಚಿತ್ರಮಂದಿರದಲ್ಲಿ ಕುರ್ಚಿ ಅಲುಗಾಡುತ್ತದೆ. ಸಾಧಾರಣದ್ದಾದರೂ ಸರಿ, ಕಿವಿ ಮುಚ್ಚುವ ಹೆಡ್‌ಫೋನ್ ಒಂದಕ್ಕೆ ಹಣ ಹಾಕಿ. ಸಾಲ ಮಾಡುವುದಿದ್ದರೆ ಅದಕ್ಕೆ ಮಾಡಿ.

ಮೂರನೆಯದು, ಸಂಕಲನ ಲಾಕ್ ಆಗಿದೆಯೇ, ಅಂದರೆ ಇನ್ನು ಬದಲಾಗುವುದಿಲ್ಲವೇ? “ಹೆಚ್ಚುಕಡಿಮೆ ಆಗಿದೆ” ಎಂದರೆ ಆಗಿಲ್ಲವೆಂದೇ ಅರ್ಥ.

ನೂಲೆಳೆ

ಹೆಚ್ಚುಕಡಿಮೆ ಆಗಿದೆ ಎಂದರು.

ನಿಮ್ಮೆಲ್ಲರ ಮಾತು ಓದಿ ತಲೆ ಸ್ವಲ್ಪ ತಿಳಿಯಾಯಿತು. ಆದರೆ ಒಂದು ಗೊಂದಲ. ಯಂತ್ರದ ಸದ್ದು ಹಿಡಿದು ತಂದರೆ ಅದು “ಎಲೆಕ್ಟ್ರಾನಿಕ್ ಸಂಗೀತ” ಹೇಗಾಗುತ್ತದೆ? ನಾನು ಕಲಿತಿರುವುದೆಲ್ಲ ಆಸಿಲೇಟರ್, ಫಿಲ್ಟರ್, ಇವೇ.

ಹೊರನಾಡಿಗ_ಬರ್ಲಿನ್

ಈ ಜಗಳ ಎಪ್ಪತ್ತು ವರ್ಷ ಹಳೆಯದು, ಮತ್ತು ಮೊದಲಿನಿಂದಲೂ ಎರಡು ಕವಲು ಒಟ್ಟಿಗೇ ಹರಿದಿವೆ.

1956ರ ‘ಫರ್ಬಿಡನ್ ಪ್ಲಾನೆಟ್’ ಪೂರ್ತಿ ಎಲೆಕ್ಟ್ರಾನಿಕ್ ಸಂಗೀತವಿದ್ದ ಹಾಲಿವುಡ್ ಚಿತ್ರ. ಮಾಡಿದವರು ಲೂಯಿಸ್ ಮತ್ತು ಬೀಬಿ ಬ್ಯಾರನ್ ದಂಪತಿ, ನ್ಯೂಯಾರ್ಕಿನ ತಮ್ಮ ಮನೆಯ ಸ್ಟುಡಿಯೋದಲ್ಲಿ. ಸಿಂಥಸೈಜರ್ ಅಂಗಡಿಯಲ್ಲಿ ಸಿಗುವ ಕಾಲವಲ್ಲ ಅದು. ನಾರ್ಬರ್ಟ್ ವೀನರ್ ಬರೆದ ಸೈಬರ್‌ನೆಟಿಕ್ಸ್ ಪುಸ್ತಕ ಓದಿ ಪ್ರೇರಿತರಾಗಿ ಲೂಯಿಸ್ ತಾವೇ ಸರ್ಕಿಟ್‌ಗಳನ್ನು ಬೆಸೆಯುತ್ತಿದ್ದರು. ಅವಕ್ಕೆ ಮಿತಿಮೀರಿ ವಿದ್ಯುತ್ತು ಹಾಯಿಸಿದರೆ ಚೀರಿ, ನರಳಿ, ಕೊನೆಗೆ ಸುಟ್ಟುಹೋಗುತ್ತಿದ್ದವು. ಸತ್ತ ಸರ್ಕಿಟ್ ಮತ್ತೆ ಅದೇ ಸದ್ದು ಕೊಡುವುದಿಲ್ಲ, ಉಳಿಯುವುದು ಟೇಪಿನಲ್ಲಿ ಹಿಡಿದದ್ದಷ್ಟೇ. ಅದನ್ನು ನಿಧಾನಿಸಿ, ತಿರುಗಿಸಿ, ಪದರ ಪದರ ಹಾಕಿ ಚಿತ್ರ ತುಂಬಿದರು. ಇಷ್ಟೆಲ್ಲ ಮಾಡಿದ ಮೇಲೆ ಸಂಗೀತಗಾರರ ಸಂಘದ ತಕರಾರು ಬಂದೀತೆಂಬ ಅಂಜಿಕೆಯಿಂದ ಶೀರ್ಷಿಕೆಯಲ್ಲಿ “ಸಂಗೀತ” ಎಂದು ಹಾಕಲೇ ಇಲ್ಲ. ಹಾಕಿದ್ದು “ಎಲೆಕ್ಟ್ರಾನಿಕ್ ಟೊನ್ಯಾಲಿಟೀಸ್”. ಎಲೆಕ್ಟ್ರಾನಿಕ್ ನಾದಗಳು ಅನ್ನೋಣ.

ಇನ್ನೊಂದು ಕವಲು ನಿಮಗೆ ಹತ್ತಿರದ್ದು. ಹಿಲ್ದುರ್ ಅವರ ಗೆಳೆಯ, ಜೊತೆಗಾರ ಯೋಹಾನ್ ಯೋಹಾನ್ಸನ್. ಅವರ ತಂದೆ ಐಸ್‌ಲೆಂಡಿನಲ್ಲಿ ಐಬಿಎಂ 1401 ಕಂಪ್ಯೂಟರಿನ ನಿರ್ವಹಣೆ ನೋಡಿಕೊಳ್ಳುತ್ತಿದ್ದ ಎಂಜಿನಿಯರ್. ಯಂತ್ರ ಹೊರಸೂಸುವ ವಿದ್ಯುತ್ಕಾಂತ ಅಲೆಯನ್ನು ರೇಡಿಯೋದಲ್ಲಿ ಹಿಡಿದು, ಲೆಕ್ಕ ಮಾಡುವ ಯಂತ್ರದಿಂದ ರಾಗ ನುಡಿಸಿದರು. ಯಂತ್ರ ನಿವೃತ್ತಿಯಾಗುವಾಗ ಅದರ ದನಿಯನ್ನು ಟೇಪಿಗೆ ಇಳಿಸಿಟ್ಟರು. ಮಗ ಅದೇ ಟೇಪನ್ನು ಹೊರತೆಗೆದು, ಸುತ್ತ ತಂತಿವಾದ್ಯಗಳನ್ನು ಕಟ್ಟಿ 2006ರಲ್ಲಿ ಒಂದು ಇಡೀ ಆಲ್ಬಂ ಮಾಡಿದರು. ಅದು ಎಲೆಕ್ಟ್ರಾನಿಕ್ ಸಂಗೀತವೇ, ಧ್ವನಿಮುದ್ರಣವೇ, ಅಪ್ಪನ ನೆನಪೇ? ನನಗೆ ಈ ಪ್ರಶ್ನೆಯಲ್ಲಿ ಆಸಕ್ತಿ ಹೋಗಿ ಬಹಳ ಕಾಲವಾಯಿತು.

ಸುಮ್ಮನೆಓದುವವ

ನಮ್ಮ ದೇಶದಲ್ಲಿ ಇಂಥದ್ದು ಯಾರೂ ಮಾಡಲಿಲ್ಲವೇ?

ಕಪ್ಪುನಾಲ್ಕು

ಮಾಡಿದ್ದಾರೆ, ನಾವು ಮರೆತೆವು. ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ 1969ರಲ್ಲಿ ಮೂಗ್ ಸಿಂಥಸೈಜರ್ ಬಂದು ಇಳಿಯಿತು. ಅಮೆರಿಕದ ಸಂಗೀತಗಾರ ಡೇವಿಡ್ ಟ್ಯೂಡರ್ ಬಂದು ಸ್ಟುಡಿಯೋ ಕಟ್ಟಿಕೊಟ್ಟರು. ಗೀತಾ ಸಾರಾಭಾಯಿ, ಐ. ಎಸ್. ಮಾಥುರ್, ಅತುಲ್ ದೇಸಾಯಿ, ಎಸ್. ಸಿ. ಶರ್ಮಾ, ಜಿನರಾಜ್ ಜೋಶಿಪುರ ಅಲ್ಲಿ ಕುಳಿತು ಟೇಪುಗಳನ್ನು ತುಂಬಿಸಿದರು. ಆಮೇಲೆ ಆ ಟೇಪುಗಳು ಕಪಾಟಿನಲ್ಲಿ ದಶಕಗಟ್ಟಲೆ ಮಲಗಿದವು. ಪಾಲ್ ಪರ್ಗಸ್ ಎಂಬವರು ಅವನ್ನು ಹುಡುಕಿ ತೆಗೆದು, 2023ರಲ್ಲಿ ಒಂದು ಸಂಕಲನ ಹೊರಬಂದಿತು. ನಾನು ಕೇಳಿದಾಗ ನಗು ಬಂತು, ಹೊಟ್ಟೆಕಿಚ್ಚೂ ಆಯಿತು. ಆ ವರ್ಷಗಳಲ್ಲಿ ನಾನು ಇಲ್ಲಿ ಪೇಟಿಯ ಭಾತೆ ಒತ್ತುವುದನ್ನು ಕಲಿಯುತ್ತಿದ್ದೆ.

ಹಳೇಟಾಕೀಸು

ಸರಿ, ಕಾರಂತರ ವಿಷಯದಲ್ಲಿ ಸೋತೆ. ಆದರೂ ಒಂದು ಕೇಳುತ್ತೇನೆ. ಅಣುಸ್ಥಾವರದಲ್ಲಿ ಸಾವಿದೆ, ಅಲ್ಲಿ ಪಂಪು ಗುರುಗುಟ್ಟಿದರೆ ಎದೆ ನಡುಗುತ್ತದೆ. ರೇಷ್ಮೆ ಘಟಕದ ಯಂತ್ರ ಗುರುಗುಟ್ಟಿದರೆ ನೋಡುವವರಿಗೆ ಏನಾಗಬೇಕು?

ನೂಲೆಳೆ

ಟಾಕೀಸು ಸರ್, ಈ ಪ್ರಶ್ನೆಯನ್ನು ಜೇಬಿನಲ್ಲಿಟ್ಟುಕೊಂಡೇ ಭಾನುವಾರ ಘಟಕಕ್ಕೆ ಹೋಗಿ ಬಂದೆ. ಉದ್ದವಾಗಿ ಬರೆಯುತ್ತೇನೆ, ಸಹಿಸಿಕೊಳ್ಳಿ.

ನಮ್ಮ ಚಿತ್ರದಲ್ಲಿ ನಟಿಸಿದವರು ನಟಿಯಲ್ಲ, ಅಲ್ಲಿಯೇ ಕೆಲಸ ಮಾಡುವವರು. ಎಲ್ಲರೂ ಅವರನ್ನು ಆಪಾ ಎನ್ನುತ್ತಾರೆ, ನಾನೂ. ಬಿಸಿನೀರಿನ ತೊಟ್ಟಿಯಲ್ಲಿ (ಇಲ್ಲಿ ಬೇಸಿನ್ ಎನ್ನುತ್ತಾರೆ) ಬೆಂದ ಗೂಡುಗಳು ತೇಲುತ್ತಿರುತ್ತವೆ. ಆಪಾ ಬೆರಳಿನಿಂದಲೇ ಎಳೆಯ ತುದಿ ಹಿಡಿದು, ಹಲವು ಗೂಡುಗಳ ಎಳೆ ಕೂಡಿಸಿ ಅಂಗಿಯ ಗುಂಡಿಯಂಥ ಬಿಲ್ಲೆಯ ತೂತಿನಿಂದ ಮೇಲಕ್ಕೆ ಹಾಯಿಸುತ್ತಾರೆ. ಹಿಂದೆ ರಾಟೆಗಳು ತಿರುಗುತ್ತವೆ. ಒಂದೊಂದು ಗೂಡಿನಿಂದ ನೂರಾರು ಮೀಟರ್ ಎಳೆ ಹೊರಬರುತ್ತದೆ. ಎಳೆ ತುಂಡಾದರೆ ಸದ್ದೇ ಆಗುವುದಿಲ್ಲ, ಆದರೂ ಅವರ ಕೈ ಅಲ್ಲಿಗೆ ಹೋಗಿರುತ್ತದೆ. ನಾನು ಹುಟ್ಟಿದ್ದು ಇದೇ ಊರಿನಲ್ಲಿ. ಆ ವಾಸನೆ ಬಂದರೆ ಬಸ್ಸಿನ ಕಿಟಕಿ ಮುಚ್ಚಿ ಕೂರುತ್ತಿದ್ದವಳು. ಒಳಗೆ ಕೂತು ಕೇಳಿದ್ದು ಇದೇ ಮೊದಲು.

ಅಂಗಡಿಯಲ್ಲಿ ಚಿಲ್ಲರೆ ಕಾಸಿಗೆ ಸಿಗುವ, ಅದುರಿಕೆಯನ್ನು ವಿದ್ಯುತ್ತಾಗಿಸುವ ಪೀಜೋ ಬಿಲ್ಲೆಗಳಿಗೆ ತಂತಿ ಬೆಸೆದು ಅಂಟುವ ಮೈಕ್ ಮಾಡಿಕೊಂಡಿದ್ದೆ. ರಾಟೆಯ ಚೌಕಟ್ಟಿಗೆ ಅಂಟಿಸಿದ್ದು ಅದ್ಭುತವಾಗಿ ಬಂದಿತು, ಗಾಳಿಯಲ್ಲಿ ಕೇಳದೇ ಇರುವ ಒಂದು ಒಳನಡುಕ ಕಬ್ಬಿಣದಲ್ಲಿದೆ. ತೊಟ್ಟಿಯ ಅಂಚಿಗೆ ಅಂಟಿಸಿದ್ದು ಹತ್ತೇ ನಿಮಿಷದಲ್ಲಿ ಆವಿಗೆ ಅಂಟು ಬಿಟ್ಟು ನೀರಿಗೆ ಬಿದ್ದಿತು. ಗೂಡಿನ ಜೊತೆ ಅದನ್ನೂ ಬೇಯಿಸಿದೆವು.

ಕೋಣೆಯ ಮರುದನಿ ಹಿಡಿಯಲು ಬಲೂನು ಒಡೆಯಬೇಕೆಂದು ಎಲ್ಲೋ ಓದಿದ್ದೆ. ಒಡೆದೆ. ಬಾಯ್ಲರ್ ಸಿಡಿಯಿತೆಂದುಕೊಂಡು ಮಾಲೀಕರು ಊಟದ ಕೈಯಲ್ಲೇ ಓಡಿಬಂದರು. ಎರಡನೆಯ ಬಲೂನಿಗೆ ಅನುಮತಿ ಸಿಗಲಿಲ್ಲ.

ಅಷ್ಟರಲ್ಲಿ ಕರೆಂಟ್ ಹೋಯಿತು. ಎಲ್ಲ ರಾಟೆಗಳೂ ಒಟ್ಟಿಗೆ ನಿಧಾನವಾಗಿ, ಸ್ವರ ಇಳಿಯುತ್ತಾ ಇಳಿಯುತ್ತಾ ನಿಂತವು. ಆಮೇಲೆ ನೀರಿನ ಕುದಿ ಮಾತ್ರ. ಯಾರೂ ಮಾತಾಡಲಿಲ್ಲ. ಎರಡು ನಿಮಿಷದ ಮೇಲೆ ಡೀಸೆಲ್ ಜನರೇಟರ್ ಶುರುವಾಯಿತು. ಮತ್ತೆ ಗುಂಯ್ ಬಂದಿತು, ಆದರೆ ಬಿಳಿ ಐದರ ಹತ್ತಿರದ್ದಲ್ಲ. ಸ್ವಲ್ಪ ಕೆಳಗೆ, ಅಲುಗಾಡುತ್ತಾ, ಭಾರ ಬಿದ್ದಾಗ ಕುಸಿಯುತ್ತಾ. ಕಪ್ಪುನಾಲ್ಕು ಸರ್, ನನಗೆ ರೋಮಾಂಚನವಾಯಿತು. ನಮ್ಮ ಚಿತ್ರದ ಕಥೆಯಲ್ಲೂ ಆ ದಿನ ಕರೆಂಟ್ ಹೋಗುತ್ತದೆ.

ರಾತ್ರಿ ಒಂಬತ್ತಕ್ಕೆ ಆಪಾ ಮನೆಗೆ ಹೋಗಿ ಮುದ್ರಣದ ಒಂದು ತುಣುಕನ್ನು ಹೆಡ್‌ಫೋನ್‌ನಲ್ಲಿ ಕೇಳಿಸಿದೆ. ಕಣ್ಣು ಮುಚ್ಚಿ ಕೇಳಿ, “ಇದು ನನ್ನದಲ್ಲ, ಆರನೆಯ ಬೇಸಿನ್ನಿನದು. ಅದರ ರಾಟೆ ಒಂದು ಸುತ್ತಿಗೆ ಒಂದು ಸಲ ಎಡವುತ್ತದೆ” ಎಂದರು. ಮತ್ತೆ ಮತ್ತೆ ಹಾಕಿ ಕೇಳಿದೆ. ಎಡವುತ್ತದೆ! ಅದು ನನಗೆ ಒಂದು ಸಲವೂ ಕೇಳಿರಲಿಲ್ಲ.

ಕಪ್ಪುನಾಲ್ಕು

ನಿನ್ನ ತಾಳ ಸಿಕ್ಕಿತು. ಲ್ಯಾಪ್‌ಟಾಪ್ ತೆರೆಯಬಹುದು.

ಹೊರನಾಡಿಗ_ಬರ್ಲಿನ್

ಇಗ್ನಲಿನಾದಲ್ಲಿಯೂ ಸಭಾಂಗಣಗಳ ಮರುದನಿಯನ್ನು ಹಿಡಿದರು. ಆಮೇಲೆ ಕಂಠವನ್ನು ಅದರೊಳಗೆ ಹಾಯಿಸಿದರೆ ಹಾಡುವವರು ಆ ಸ್ಥಾವರದೊಳಗೇ ನಿಂತಂತೆ ಕೇಳುತ್ತದೆ. ನಿಮ್ಮಲ್ಲಿ ಒಂದು ಬಲೂನಿನ ಮುದ್ರಣವಿದೆ, ಅದು ಸಾಕು. ಮಾಲೀಕರು ಓಡಿಬರುವ ಮುಂಚಿನ ಎರಡು ಸೆಕೆಂಡನ್ನು ಕತ್ತರಿಸಿಕೊಳ್ಳಿ.

ಇನ್ನೊಂದು ಮಾತು. ಯಂತ್ರದ ಸದ್ದನ್ನು ಕಾಳು ಕಾಳಾಗಿ ಒಡೆದು ಹರಡುವ ಉಪಕರಣಗಳು ಉಚಿತವಾಗಿ ಸಿಗುತ್ತವೆ, ಹೊಸಬರೆಲ್ಲ ಅದಕ್ಕೆ ಮರುಳಾಗುತ್ತಾರೆ. ಏನನ್ನು ಹಾಕಿದರೂ ಒಂದೇ ಮಂಜು ಬರುತ್ತದೆ. ರೇಷ್ಮೆ ಹಾಕಿದರೂ ಮಂಜು, ರಾಗಿ ಹಾಕಿದರೂ ಮಂಜು. ಆ ಎಡವುವ ರಾಟೆ ಮಂಜಿನಲ್ಲಿ ಕರಗಿಹೋದರೆ ನೀವು ಘಟಕಕ್ಕೆ ಹೋದದ್ದೇ ವ್ಯರ್ಥ. ಬರೀ ಅರ್ಧ ವೇಗಕ್ಕೆ ಇಳಿಸಿ ನೋಡಿ, ಸ್ವರ ಒಂದು ಸಪ್ತಕ ಕೆಳಗೆ ಹೋಗುತ್ತದೆ, ಎಡವು ಇನ್ನಷ್ಟು ಬಿಡಿಸಿ ಕೇಳುತ್ತದೆ.

ಮಿಕ್ಸಿಂಗ್‌ಕೋಣೆ

ಅರ್ಧ ವೇಗಕ್ಕೆ ಇಳಿಸಿದರೆ 100 ಇರುವುದು 50 ಆಗುತ್ತದೆ. ಹೆಡ್‌ಫೋನ್ ಕೊಂಡಿರಾ?

ನೂಲೆಳೆ

ಕೊಂಡೆ. ಸಾಲವಲ್ಲ, ಚೀಟಿ ಹಣ.

ಧ್ವನಿ ವಿನ್ಯಾಸಕರನ್ನೂ ಕಂಡೆ. ಬದು ಹಾಕಿಕೊಂಡೆವು. ನೀರು, ಕೈ, ಪಾತ್ರೆ, ಹೆಜ್ಜೆ ಎಲ್ಲ ಅವರಿಗೆ. ಕಬ್ಬಿಣ ಮತ್ತು ಗುಂಯ್ ನನಗೆ. ಅವರು ಗುಡಿಸಿ ಎಸೆಯಬೇಕೆಂದಿದ್ದ ಗುಂಯ್ ಸದ್ದನ್ನೆಲ್ಲ ಒಂದು ಕಡತದಲ್ಲಿ ತುಂಬಿ ನನಗೇ ಕೊಟ್ಟರು.

ಹಳೇಟಾಕೀಸು

ಕೆಲಸ ಎಲ್ಲಿಗೆ ಬಂತು? ಕುತೂಹಲಕ್ಕೆ ಕೇಳಿದೆ, ಒಪ್ಪಿದ್ದೇನೆಂದಲ್ಲ.

ನೂಲೆಳೆ

ಎರಡು ವಾರ ಮಾಯವಾಗಿದ್ದಕ್ಕೆ ಕ್ಷಮೆಯಿರಲಿ. ಇಂದು ನಿರ್ದೇಶಕರಿಗೆ ಕೇಳಿಸಿದೆ. ಅವರ ಮೊದಲ ಮಾತು, “ಸಂಗೀತ ಎಲ್ಲಿ?”

ಶುರುವಿನ ಏಳು ನಿಮಿಷ ಬರೀ ಆ ಗುಂಯ್, ಅದರ ಮೇಲೆ ಆರನೆಯ ಬೇಸಿನ್ನಿನ ಎಡವು, ಬಹಳ ಮೆಲ್ಲಗೆ. ಅವರ ಪಾಲಿಗೆ ಅದು ಕೋಣೆಯ ಸದ್ದು. ಕರೆಂಟ್ ಹೋಗುವ ದೃಶ್ಯದಲ್ಲಿ ರಾಟೆಗಳ ಸ್ವರ ಇಳಿದು ನಿಂತಾಗ ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು. “ಇದುವರೆಗೆ ಏನೋ ನುಡಿಯುತ್ತಿತ್ತಲ್ಲವೇ?” ಎಂದರು. ಜನರೇಟರಿನ ತಪ್ಪು ಶ್ರುತಿ ಬಂದ ಮೇಲೆ ಆಪಾ ಹಾಡಿಕೊಳ್ಳುವ ಎರಡು ಸಾಲನ್ನು ಬಲೂನಿನ ಮರುದನಿಯಲ್ಲಿ ಹಾಯಿಸಿದ್ದೇನೆ. ಅವರು ಹಾಡುವುದು ಹಳೆಯ ಶ್ರುತಿಯಲ್ಲೇ, ಬಿಳಿ ಐದರ ಬಳಿ. ಯಂತ್ರ ಕೆಳಗಿದೆ, ಅವರು ಜಗ್ಗುವುದಿಲ್ಲ. ನಾನು ಹೇಳಿಕೊಟ್ಟದ್ದಲ್ಲ, ಅವರು ಹಾಡಿದ್ದೇ ಹಾಗೆ.

ಅದನ್ನು ನಿರ್ದೇಶಕರು ಒಪ್ಪಿದರು. ‘ಚೆರ್ನೋಬಿಲ್’ ತೆಗೆದುಹಾಕಿದರು. ಆದರೆ ಕೊನೆಯ ನಾಲ್ಕು ನಿಮಿಷ, ಆಪಾ ಮನೆಗೆ ನಡೆದು ಹೋಗುವ ದೃಶ್ಯ, ಅದಕ್ಕೆ ನಾನು ಮೂರು ವಾರ ದುಡಿದ ತುಣುಕು, ನನ್ನ ಮಟ್ಟಿಗೆ ಅದೇ ಎಲ್ಲಕ್ಕಿಂತ ಚೆಂದ, ಅದು ಬೇಡವೆಂದರು. ಬರೀ ರಸ್ತೆಯ ಸದ್ದು ಸಾಕಂತೆ. ಬೇಸರವಾಗಿದೆ. ಬೇಸರ ಎನ್ನುವುದು ಸಣ್ಣ ಮಾತು.

ಹೊರನಾಡಿಗ_ಬರ್ಲಿನ್

ಬೇಸರ ಪಡಿ, ಅದಕ್ಕೆ ಹಕ್ಕಿದೆ. 1968ರಲ್ಲಿ ಅಲೆಕ್ಸ್ ನಾರ್ತ್ ‘2001: ಎ ಸ್ಪೇಸ್ ಒಡಿಸ್ಸಿ’ಗೆ ಬರೆದ ಸಂಗೀತವನ್ನೇ ನಿರ್ದೇಶಕ ಕ್ಯೂಬ್ರಿಕ್ ಕೈಬಿಟ್ಟು ತಾತ್ಕಾಲಿಕವಾಗಿ ಹಾಕಿದ್ದ ಹಳೆಯ ಕೃತಿಗಳನ್ನು ಉಳಿಸಿಕೊಂಡರು. ನಿಮ್ಮ ನಿರ್ದೇಶಕರು ಹಾಗೆ ಮಾಡಲಿಲ್ಲ, ತಾತ್ಕಾಲಿಕವನ್ನು ಹೊರಗಟ್ಟಿದರು. ಅದು ಸಣ್ಣ ಗೆಲುವಲ್ಲ.

ಯೋಹಾನ್ಸನ್ ಅವರು 2017ರ ‘ಮದರ್!’ ಚಿತ್ರಕ್ಕೆ ಪೂರ್ತಿ ಸಂಗೀತ ಮಾಡಿ ಮುಗಿಸಿದ್ದರು. ಆಮೇಲೆ ಅವರೂ ನಿರ್ದೇಶಕ ಆರೊನಾಫ್ಸ್ಕಿಯವರೂ ಸೇರಿ ಸಂಗೀತವೇ ಬೇಡವೆಂದು ತೀರ್ಮಾನಿಸಿದರು. ಚಿತ್ರ ಸಂಗೀತವಿಲ್ಲದೇ ಹೊರಬಂದಿತು. ಮರುವರ್ಷ ಫೆಬ್ರವರಿ 9ರಂದು ಯೋಹಾನ್ಸನ್ ಇಲ್ಲೇ ಬರ್ಲಿನ್‌ನಲ್ಲಿ ತೀರಿಕೊಂಡರು. ಸರಿಯಾಗಿ ಎರಡು ವರ್ಷದ ಮೇಲೆ, 2020ರ ಅದೇ ಫೆಬ್ರವರಿ 9ರಂದು, ಹಿಲ್ದುರ್ ‘ಜೋಕರ್’ ಚಿತ್ರಕ್ಕೆ ಆಸ್ಕರ್ ಹಿಡಿದು ನಿಂತಿದ್ದರು. ಆ ವಿಭಾಗದಲ್ಲಿ ಅದಕ್ಕೂ ಹಿಂದೆ ಒಬ್ಬ ಹೆಣ್ಣುಮಗಳಿಗೆ ಪ್ರಶಸ್ತಿ ಬಂದಿದ್ದು 1998ರಲ್ಲಿ. ಟಿವಿಯಲ್ಲಿ ನೋಡುತ್ತಿದ್ದ ನನಗೆ ದಿನಾಂಕ ಹೊಳೆದದ್ದು ಮರುದಿನ, ಟ್ರಾಮಿನಲ್ಲಿ.

‘ಜೋಕರ್’ನ ಬಗ್ಗೆ ಇನ್ನೊಂದು. ಚಿತ್ರೀಕರಣಕ್ಕೂ ಮುಂಚೆ, ಚಿತ್ರಕಥೆ ಓದಿಯೇ ಅವರು ಚೆಲ್ಲೊ ನುಡಿಸಿ ಕಳಿಸಿದ್ದರು. ಶೌಚಾಲಯದಲ್ಲಿ ನಾಯಕ ಕುಣಿಯುವ ದೃಶ್ಯದಲ್ಲಿ ಸ್ಥಳದಲ್ಲೇ ಅದನ್ನು ಹಾಕಿದರು, ನಟ ಅದಕ್ಕೇ ಕುಣಿದ. ಮುಂದಿನ ಚಿತ್ರದಲ್ಲಿ ನೀವು ಸಂಕಲನ ಮುಗಿಯುವವರೆಗೆ ಕಾಯಬೇಡಿ, ಚಿತ್ರಕಥೆ ಕೈಗೆ ಬಂದ ದಿನವೇ ಏನಾದರೂ ಕಳಿಸಿ. ಆಗ ತಾತ್ಕಾಲಿಕವಾಗಿ ಹಾಸುವುದಕ್ಕೂ ನಿಮ್ಮದೇ ಇರುತ್ತದೆ.

ಕಪ್ಪುನಾಲ್ಕು

ಆ ನಾಲ್ಕು ನಿಮಿಷವನ್ನು ಎಸೆಯಬೇಡ ತಂಗಿ. ನನಗೆ ಕಳಿಸು. ಕೇಳಲು ಚಿತ್ರವೇ ಇರಬೇಕೆಂದಿಲ್ಲ.

ಮಿಕ್ಸಿಂಗ್‌ಕೋಣೆ

ಕರಾರು ಪತ್ರ ಆಗಿದೆಯೇ? 2012ರ ತಿದ್ದುಪಡಿಯ ನಂತರ ನಮ್ಮ ಹಕ್ಕುಸ್ವಾಮ್ಯ ಕಾಯ್ದೆಯಲ್ಲಿ ಸಂಯೋಜಕರ ರಾಯಲ್ಟಿ ಪಾಲಿಗೆ ರಕ್ಷಣೆ ಇದೆ. “ಪ್ಯಾಕೇಜ್” ಎಂದು ಒಂದೇ ಸಾಲಿನಲ್ಲಿ ಬರೆಸಿಕೊಳ್ಳುವವರಿಗೆ ಅದು ಗೊತ್ತಿರುವುದಿಲ್ಲ, ಅಥವಾ ಚೆನ್ನಾಗಿ ಗೊತ್ತಿರುತ್ತದೆ. ಚಿತ್ರದಲ್ಲಿ ಬಳಸದ ತುಣುಕು ನಿಮ್ಮದೇ ಎಂದು ಸ್ಪಷ್ಟವಾಗಿ ಬರೆಸಿ. ಆಪಾ ಹಾಡಿದ್ದಕ್ಕೆ ಅವರಿಗೂ ಹಣ ಸಲ್ಲಬೇಕು, ಅದನ್ನೂ ಬರೆಸಿ.

ಕಡತಗಳನ್ನು 48 ಕಿಲೋಹರ್ಟ್ಸ್, 24 ಬಿಟ್‌ನಲ್ಲಿ ಕೊಡಿ. ಗುಂಯ್ ಬೇರೆ, ರಾಟೆ ಬೇರೆ, ಕಂಠ ಬೇರೆ. ಎಲ್ಲ ಕಡತವೂ ಚಿತ್ರದ ಮೊದಲ ಚೌಕಟ್ಟಿನಿಂದಲೇ ಶುರುವಾಗಬೇಕು, ನಡುವೆ ಮೌನವಿದ್ದರೂ ಸರಿ.

ನೂಲೆಳೆ

ಬರೆಸಿದೆ, ಆಪಾ ಹೆಸರಿನಲ್ಲೂ. ಈಗ ಕೊನೆಯ ತೊಡಕು. ಶೀರ್ಷಿಕೆಯಲ್ಲಿ “ಸಂಗೀತ” ಎಂದು ಹಾಕಿದರೆ ಚಿತ್ರೋತ್ಸವದವರು ಹಾಡು ಹುಡುಕುತ್ತಾರಂತೆ. “ಧ್ವನಿ ವಿನ್ಯಾಸ” ಎಂದು ಹಾಕಿದರೆ ನಿಜವಾದ ಧ್ವನಿ ವಿನ್ಯಾಸಕರಿಗೆ ಅನ್ಯಾಯ. ನಿರ್ದೇಶಕರು “ವಾತಾವರಣ” ಎಂದು ಹಾಕೋಣವೇ ಎಂದರು. ಬ್ಯಾರನ್ ದಂಪತಿಯ ನೆನಪಾಗಿ ರಾತ್ರಿಯೆಲ್ಲ ನಿದ್ದೆ ಬರಲಿಲ್ಲ.

ಹಳೇಟಾಕೀಸು

“ಸಂಗೀತ” ಎಂದೇ ಹಾಕಿಸು. ಹುಡುಕುವವರು ಹುಡುಕಲಿ. “ವಾತಾವರಣ” ಎಂದು ಹಾಕುವುದಾದರೆ ಹವಾಮಾನ ಇಲಾಖೆಯವರಿಗೆ ಕೊಡಲಿ.

ಕಳಿಸಿದ್ದ ತುಣುಕು ಕೇಳಿದೆ. ಗುನುಗಲು ಬರುವುದಿಲ್ಲ, ಅದನ್ನು ಹೇಳಲೇಬೇಕು. ಆದರೆ ನಿನ್ನೆ ಸಂಜೆ ಮನೆಯಲ್ಲಿ ಕರೆಂಟ್ ಹೋದಾಗ ಫ್ಯಾನು ನಿಲ್ಲುವವರೆಗೂ ಕೇಳುತ್ತಾ ಕುಳಿತಿದ್ದೆ.

ನೂಲೆಳೆ

ಸರ್, ಅದಕ್ಕೆ ಏನು ಹೇಳಬೇಕೋ ತಿಳಿಯುತ್ತಿಲ್ಲ.

“ಸಂಗೀತ” ಎಂದೇ ಆಯಿತು, ಈ ಸಲ ಹೆಸರಿನ ಅಕ್ಷರಗಳನ್ನು ನಾನೇ ಕೂತು ನೋಡಿದೆ. ಅದರ ಕೆಳಗೆ ಆಪಾ ಹೆಸರು, ಕಂಠ. ಅದರ ಕೆಳಗೆ “ಬೇಸಿನ್ ಸಂಖ್ಯೆ ಆರು” ಎಂದು ಹಾಕಿಸಿದೆ. ಯಾಕೆಂದು ಯಾರೂ ಕೇಳಲಿಲ್ಲ. ಘಟಕದ ಮಾಲೀಕರು ಮಾತ್ರ ಆ ರಾಟೆಯನ್ನು ಮುಂದಿನ ವಾರ ರಿಪೇರಿ ಮಾಡಿಸುತ್ತಾರಂತೆ, ಎಡವುತ್ತದೆಂದು ಈಗ ಅವರಿಗೂ ಗೊತ್ತಾಗಿದೆ. ಅಷ್ಟರೊಳಗೆ ಇನ್ನೊಂದು ದಿನ ಹೋಗಿ ಮುದ್ರಿಸಿಕೊಳ್ಳಬೇಕು.

ಮಿಕ್ಸಿಂಗ್‌ಕೋಣೆ ಸರ್, ಹಾರ್ಡ್ ಡಿಸ್ಕ್ ನಾಳೆ ಬೆಳಗಿನ ರೈಲಿನಲ್ಲಿ ತರುತ್ತೇನೆ.

ಮಿಕ್ಸಿಂಗ್‌ಕೋಣೆ

ಇನ್ನೊಂದು ಪ್ರತಿ ಇಟ್ಟುಕೊಂಡಿದ್ದೀರಾ?

ನೂಲೆಳೆ

ಇಲ್ಲ. ಈಗ ಮಾಡುತ್ತಿದ್ದೇನೆ.